ಹಳೆಯ ಪ್ರಕರಣದಲ್ಲಿ ತಡವಾದ ಶರಣಾಗತಿ: ಜಾಮೀನು ಪಡೆಯುವುದು ಹೇಗೆ?

ಹತ್ತು-ಹದಿನೈದು ವರ್ಷಗಳ ಹಿಂದಿನ ಹೊಡೆದಾಟದ ಪ್ರಕರಣ. ಜಾಮೀನಿನ ಮೇಲೆ ಬಿಡುಗಡೆಯಾದ ಆರೋಪಿ ಒಂದೆರಡು ಬಾರಿ ಹಾಜರಾಗಿ, ಬಳಿಕ ದುಡಿಮೆಗಾಗಿ ಊರು ಬಿಡುತ್ತಾನೆ. ಪ್ರಕರಣ ತಾನಾಗಿಯೇ ಮುಗಿದಿರಬೇಕೆಂದು ಭಾವಿಸುತ್ತಾನೆ. ಕಾನೂನಿನ ದೃಷ್ಟಿಯಲ್ಲಿ ಅದು ಮುಗಿದಿರುವುದಿಲ್ಲ.

ವಾರಂಟಿಗೆ ಕಾಲಮಿತಿ ಇಲ್ಲ: ನ್ಯಾಯಾಲಯ ಹೊರಡಿಸಿದ ಬಂಧನ ವಾರಂಟ್, ಜಾರಿಯಾಗುವವರೆಗೆ ಅಥವಾ ಅದೇ ನ್ಯಾಯಾಲಯ ರದ್ದುಪಡಿಸುವವರೆಗೆ ಊರ್ಜಿತದಲ್ಲಿರುತ್ತದೆ. ಆರೋಪಿ ಪತ್ತೆಯಾಗದಿದ್ದರೆ ಕರ್ನಾಟಕದ ನ್ಯಾಯಾಲಯಗಳಲ್ಲಿ ಪ್ರಕರಣವನ್ನು ದೀರ್ಘಕಾಲ ಬಾಕಿ ಪ್ರಕರಣಗಳ (ಎಲ್‌ಪಿಸಿ) ವಹಿಗೆ ವರ್ಗಾಯಿಸುವುದುಂಟು. ಆತ ಹಾಜರಾದೊಡನೆ ಕಡತಕ್ಕೆ ಮತ್ತೆ ಜೀವ ಬರುತ್ತದೆ. ಸಹ ಆರೋಪಿಗಳು ಖುಲಾಸೆಯಾಗಿದ್ದರೂ ಈತನ ವಿಚಾರಣೆ ತಾನಾಗಿ ರದ್ದಾಗುವುದಿಲ್ಲ.

ಯಾವ ಕಾನೂನು?: ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯು 2024ರ ಜುಲೈ 1ರಂದು ಜಾರಿಗೆ ಬಂದಿದೆ. ಅಂದು ಬಾಕಿಯಿದ್ದ ವಿಚಾರಣೆಗಳನ್ನು 1973ರ ದಂಡ ಪ್ರಕ್ರಿಯಾ ಸಂಹಿತೆಯಂತೆ ಮುಂದುವರಿಸಲು ಅದರ 531ನೇ ಕಲಂ ಅವಕಾಶ ನೀಡುತ್ತದೆ.

ಶರಣಾಗತಿ: ಘೋಷಿತ ಅಪರಾಧಿಗೆ ಸಾಮಾನ್ಯವಾಗಿ ನಿರೀಕ್ಷಣಾ ಜಾಮೀನು ಸಲ್ಲದೆಂದು ಸುಪ್ರೀಂ ಕೋರ್ಟ್ 2012ರಲ್ಲಿ ಲವೇಶ್ ಪ್ರಕರಣದಲ್ಲಿ ಹೇಳಿದೆ. ಆದ್ದರಿಂದ ವಕೀಲರ ಮೂಲಕ ಸಂಬಂಧಿತ ನ್ಯಾಯಾಲಯಕ್ಕೆ ಸ್ವಯಂ ಹಾಜರಾಗಿ, ವಾರಂಟ್ ಹಿಂಪಡೆಯುವ ಅರ್ಜಿ ಹಾಗೂ ಜಾಮೀನು ಅರ್ಜಿಯನ್ನು ಒಟ್ಟಿಗೆ ಸಲ್ಲಿಸುವುದು ವಾಡಿಕೆ. ನ್ಯಾಯಾಲಯದ ಮುಂದೆ ಶರಣಾಗಿ ಅದರ ಆದೇಶಕ್ಕೆ ಒಳಪಡುವುದೂ ‘ಅಭಿರಕ್ಷೆ’ಯೇ ಎಂದು ನಿರಂಜನ್ ಸಿಂಗ್ ಪ್ರಕರಣದಲ್ಲಿ (1980) ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಿದೆ. ಅರ್ಜಿ ತಿರಸ್ಕೃತವಾದರೆ ಆರೋಪಿ ನ್ಯಾಯಾಂಗ ಬಂಧನಕ್ಕೆ ಹೋಗಬೇಕಾಗುತ್ತದೆ. ಬಳಿಕ ಸೆಷನ್ಸ್ ನ್ಯಾಯಾಲಯ ಅಥವಾ ಹೈಕೋರ್ಟಿನ ಮೊರೆ ಹೋಗಬಹುದು.

ನ್ಯಾಯಾಲಯ ಗಮನಿಸುವುದೇನು?: ಗೈರುಹಾಜರಿಗೆ ಕಾರಣವೇನು, ಸಮನ್ಸ್ ನಿಜವಾಗಿ ತಲುಪಿತ್ತೇ, ಮತ್ತೆ ಪರಾರಿಯಾಗುವ ಸಾಧ್ಯತೆ ಇದೆಯೇ ಎಂಬ ಪ್ರಶ್ನೆಗಳು ಮುಖ್ಯ. ಅನಾರೋಗ್ಯವಿದ್ದರೆ ಆಸ್ಪತ್ರೆಯ ದಾಖಲೆ, ವಿಳಾಸ ಬದಲಾಗಿದ್ದರೆ ಅದರ ಪುರಾವೆ ಒದಗಿಸಬೇಕು. ಪೊಲೀಸರು ಹಿಡಿದು ತಂದವನಿಗಿಂತ ತಾನಾಗಿ ಬಂದವನ ವಾದಕ್ಕೆ ಹೆಚ್ಚಿನ ತೂಕವಿರುತ್ತದೆ. ಶೀಘ್ರ ವಿಚಾರಣೆ ಮೂಲಭೂತ ಹಕ್ಕೆಂದು 1979ರ ಹುಸೈನಾರಾ ಖಾತೂನ್ ತೀರ್ಪು ಸಾರಿದ್ದರೂ, ವಿಳಂಬಕ್ಕೆ ತಾನೇ ಕಾರಣನಾದವನಿಗೆ ಅದರ ನೆರವು ಸುಲಭವಾಗಿ ದೊರೆಯದು.

ಜಾಮೀನೀಯ ಅಪರಾಧಗಳಲ್ಲಿ ಜಾಮೀನು ಹಕ್ಕಾಗಿದ್ದರೂ, ಹಿಂದೆ ಬಾಂಡಿನ ಹಾಜರಾತಿ ಷರತ್ತನ್ನು ಮುರಿದವನಿಗೆ ಅದನ್ನು ನಿರಾಕರಿಸಲು ಹಳೆಯ ಸಂಹಿತೆಯ 436(2), ಹೊಸದರ 478(2)ನೇ ಕಲಂ ಅವಕಾಶ ನೀಡುತ್ತವೆ. ಹಳೆಯ ಬಾಂಡಿನ ಮೊತ್ತ ಮುಟ್ಟುಗೋಲಾಗಿ, ಅಂದು ಸಹಿ ಹಾಕಿದ ಜಾಮೀನುದಾರನೂ ತೊಂದರೆಗೆ ಸಿಲುಕಬಹುದು.

ಷರತ್ತುಗಳು: ಹೊಸ ಬಾಂಡ್, ಪಹಣಿ ಅಥವಾ ಆಸ್ತಿ ದಾಖಲೆಯುಳ್ಳ ಜಾಮೀನುದಾರರು, ಪ್ರತಿ ದಿನಾಂಕದಂದು ಹಾಜರಾತಿ ಇವು ಸಾಮಾನ್ಯ ಷರತ್ತುಗಳು. ಜಾಮೀನುದಾರ ಬೇರೆ ಜಿಲ್ಲೆಯವನೆಂಬ ಕಾರಣಕ್ಕೆ ತಿರಸ್ಕರಿಸುವುದನ್ನು 1978ರ ಮೋತಿರಾಮ್ ತೀರ್ಪು ಒಪ್ಪಿಲ್ಲ.

ಜಾಮೀನು ದೊರೆತ ಮಾತ್ರಕ್ಕೆ ಪ್ರಕರಣ ಮುಗಿಯುವುದಿಲ್ಲ. ಮುಂದಿನ ದಿನಾಂಕಕ್ಕೆ ಮತ್ತೆ ತಪ್ಪಿಸಿಕೊಂಡವನಿಗೆ ಎರಡನೆಯ ಅವಕಾಶ ಸಿಗುವುದು ಕಷ್ಟ.