ಹುಟ್ಟು ಹಾಕಿದ ಕೈಗೆ ವೈಸರಾಯ್ ಮೊಹರು

ದೋಣಿ ಪಂದ್ಯದ ಚಾಂಪಿಯನ್ ಒಬ್ಬ ನಮ್ಮ ಬಳ್ಳಾರಿ, ಮಂಗಳೂರು, ಕೊಳ್ಳೇಗಾಲವನ್ನು ಐದು ವರ್ಷ ಆಳಿದ ಅಂದ್ರೆ ನಂಬ್ತೀರಾ? ಅಷ್ಟೇ ಅಲ್ಲ ಸ್ನೇಹಿತರೇ, ಏಳು ತಿಂಗಳು ಇಡೀ ಇಂಡಿಯಾಕ್ಕೆ ಹಂಗಾಮಿ ವೈಸರಾಯ್ ಕೂಡ ಆಗಿದ್ದ. ಹೆಸರು ಆರ್ಥರ್ ಆಲಿವರ್ ವಿಲಿಯರ್ಸ್ ರಸೆಲ್. ಇತಿಹಾಸಕ್ಕೆ ಗೊತ್ತಿರೋದು ಲಾರ್ಡ್ ಆಂಪ್ಟ್‌ಹಿಲ್ ಅಂತ.

ಹುಟ್ಟಿದ್ದು 1869ರಲ್ಲಿ, ರೋಮ್‌ನಲ್ಲಿ. ಅಪ್ಪ ಬರ್ಲಿನ್‌ನಲ್ಲಿ ಬ್ರಿಟನ್ನಿನ ರಾಯಭಾರಿ. 1884ರಲ್ಲಿ ಅಪ್ಪ ತೀರಿಕೊಂಡಾಗ ಹುಡುಗನಿಗೆ 15 ವರ್ಷ, ಅವತ್ತೇ ‘ಲಾರ್ಡ್’ ಆಗಿಬಿಟ್ಟ. ಈಟನ್ ಶಾಲೆ, ಆಮೇಲೆ ಆಕ್ಸ್‌ಫರ್ಡ್. ಅಲ್ಲಿ ಹೆಸರು ಮಾಡಿದ್ದು ನದಿಯಲ್ಲಿ. ಆಕ್ಸ್‌ಫರ್ಡ್–ಕೇಂಬ್ರಿಡ್ಜ್ ಬೋಟ್ ರೇಸ್ ಗೊತ್ತಲ್ಲ? ಎಂಟು ಜನ ಹುಟ್ಟು ಹಾಕ್ತಾರೆ, ಥೇಮ್ಸ್ ನದಿಯಲ್ಲಿ ಸುಮಾರು ಏಳು ಕಿಲೋಮೀಟರ್. ಈತ 1889ರಲ್ಲಿ ಸೋತ, 1890 ಮತ್ತು 1891ರಲ್ಲಿ ಗೆದ್ದ. 1891ರ ಗೆಲುವಿನ ಅಂತರ ಬರೀ ಅರ್ಧ ದೋಣಿ! ಹೆನ್ಲಿ ಪಂದ್ಯದಲ್ಲಿ ಗೈ ನಿಕಾಲ್ಸ್ ಎಂಬ ಜೊತೆಗಾರನೊಂದಿಗೆ ಇಬ್ಬರ ದೋಣಿಯಲ್ಲಿ ಸತತ ಎರಡು ವರ್ಷ ಕಪ್. ಆ ನಿಕಾಲ್ಸ್ 1908ರ ಲಂಡನ್ ಒಲಿಂಪಿಕ್ಸ್‌ನಲ್ಲಿ, 41ನೇ ವಯಸ್ಸಿನಲ್ಲಿ ಚಿನ್ನ ಗೆದ್ದ. 1894ರಲ್ಲಿ ಅಂತಾರಾಷ್ಟ್ರೀಯ ಒಲಿಂಪಿಕ್ ಸಮಿತಿ ಹುಟ್ಟಿದಾಗ ಅದರ ಮೊದಲ ಸದಸ್ಯರಲ್ಲಿ ಆಂಪ್ಟ್‌ಹಿಲ್ ಒಬ್ಬ.

ಸರಿ, ಆಟ ಮುಗೀತು. ಮುಂದೆ? ಮಂತ್ರಿ ಜೋಸೆಫ್ ಚೇಂಬರ್ಲಿನ್‌ಗೆ ಖಾಸಗಿ ಕಾರ್ಯದರ್ಶಿ. ಅಲ್ಲಿಂದ ನೇರವಾಗಿ ಮದ್ರಾಸ್ ಗವರ್ನರ್, 1900ರ ಡಿಸೆಂಬರ್‌ನಲ್ಲಿ. ವಯಸ್ಸು 31. ಇವತ್ತು ನಮ್ಮ ಹುಡುಗರು ಕೆಪಿಎಸ್‌ಸಿ ಪರೀಕ್ಷೆ ಬರೆದು ಬರೆದು ಆ ವಯಸ್ಸು ದಾಟಿಸ್ತಾರೆ. ಈತ ಯಾವ ಪರೀಕ್ಷೆಯನ್ನೂ ಬರೀಲಿಲ್ಲ, ಆದರೂ ಕೋಟ್ಯಂತರ ಜನರಿಗೆ ದೊರೆ!

ಆಗಿನ ನಕ್ಷೆ ಒಮ್ಮೆ ಕಣ್ಮುಂದೆ ತಂದುಕೊಳ್ಳಿ. ಶಿವನಸಮುದ್ರದಲ್ಲಿ ಕಾವೇರಿಯ ಒಂದು ದಡ ಮಹಾರಾಜರ ಮೈಸೂರು, ಇನ್ನೊಂದು ದಡದ ಕೊಳ್ಳೇಗಾಲ ಮದ್ರಾಸ್. ಹೊಳೆ ಒಂದೇ, ಭಾಷೆ ಒಂದೇ, ಧಣಿಗಳು ಇಬ್ಬರು. 1902ರಲ್ಲಿ ಈ ದಡದಿಂದ ಕೋಲಾರದ ಚಿನ್ನದ ಗಣಿಗೆ ಕರೆಂಟ್ ಹೋಯ್ತು. ಇಂಜಿನಿಯರಿಂಗ್ ಓದಿದವನಾಗಿ ಹೇಳ್ತೀನಿ, ಆ ಕಾಲಕ್ಕೆ ಅಷ್ಟು ದೂರ ತಂತಿ ಎಳೆದದ್ದು ಸಣ್ಣ ಮಾತಲ್ಲ. ಆದರೆ ಅದೇ ಮೈಸೂರು ಕಾವೇರಿಗೆ ಹೊಸ ಅಣೆಕಟ್ಟು ಕಟ್ಟಬೇಕಾದರೆ, 1892ರ ಒಪ್ಪಂದದ ಪ್ರಕಾರ ಮದ್ರಾಸಿನ ಒಪ್ಪಿಗೆ ಬೇಕಿತ್ತು.

1904ರ ಏಪ್ರಿಲ್ ಕೊನೆಯಲ್ಲಿ ವೈಸರಾಯ್ ಕರ್ಜನ್ ರಜೆ ಮೇಲೆ ಊರಿಗೆ ಹೋದ. ಕುರ್ಚಿ 35 ವರ್ಷದ ಆಂಪ್ಟ್‌ಹಿಲ್‌ಗೆ ಬಂತು. ಬಂದಿದ್ದು ಎಂಥ ಹೊತ್ತಲ್ಲಿ ನೋಡಿ! ಕರ್ನಲ್ ಯಂಗ್‌ಹಸ್ಬೆಂಡ್ ಸೈನ್ಯ ಕಟ್ಟಿಕೊಂಡು ಟಿಬೆಟ್‌ಗೆ ನುಗ್ಗಿದ್ದ. ಗುರು ಎಂಬಲ್ಲಿ ಹಳೇ ಬಂದೂಕು, ಕತ್ತಿ ಹಿಡಿದ ನೂರಾರು ಟಿಬೆಟನ್ನರು ಮೆಷಿನ್ ಗನ್‌ಗೆ ಬಲಿಯಾಗಿ ಒಂದು ತಿಂಗಳಾಗಿತ್ತು. ಸೆಪ್ಟೆಂಬರ್ 7ರಂದು ಲಾಸಾದಲ್ಲಿ ಒಪ್ಪಂದ. ಟಿಬೆಟ್ 75 ಲಕ್ಷ ರೂಪಾಯಿ ದಂಡ ಕಟ್ಟಬೇಕು, ವರ್ಷಕ್ಕೊಂದು ಲಕ್ಷದಂತೆ. ಅಂದ್ರೆ 75 ವರ್ಷ! ಕಟ್ಟಿ ಮುಗಿಯೋವರೆಗೂ ಚುಂಬಿ ಕಣಿವೆ ಬ್ರಿಟಿಷರ ಕೈಯಲ್ಲಿ. ನವೆಂಬರ್ 11ರಂದು ಒಪ್ಪಂದಕ್ಕೆ ಮೊಹರು ಹಾಕುವಾಗ ಆಂಪ್ಟ್‌ಹಿಲ್ ದಂಡವನ್ನು 25 ಲಕ್ಷಕ್ಕೆ ಇಳಿಸಿದ. ಮೂರು ಕಂತು ಕಟ್ಟಿದರೆ ಕಣಿವೆ ಬಿಡ್ತೀವಿ ಅಂದ. ಪೂರ್ತಿ ಕ್ರೆಡಿಟ್ ಆತನಿಗೇ ಕೊಡಬೇಡಿ, ಲಂಡನ್ ಸರ್ಕಾರಕ್ಕೇ 75 ವರ್ಷದ ತಲೆನೋವು ಬೇಡವಾಗಿತ್ತು. ಮುಂದೆ ಆ ಹಣ ಕಟ್ಟಿದ್ದು ಚೀನಾ! ಟಿಬೆಟ್ ಮೇಲಿನ ತನ್ನ ಹಕ್ಕನ್ನು ತೋರಿಸೋಕೆ. ಅದಾಗಿ ಅರ್ಧ ಶತಮಾನಕ್ಕೆ ಟಿಬೆಟ್ ಚೀನಾದ ಕೈ ಸೇರಿತು, ನೆಲೆ ಕಳೆದುಕೊಂಡವರಿಗೆ 1961ರಲ್ಲಿ ಜಾಗ ಸಿಕ್ಕಿದ್ದು ನಮ್ಮ ಮೈಸೂರು ಜಿಲ್ಲೆಯ ಬೈಲಕುಪ್ಪೆಯಲ್ಲಿ.

ಹಾಗಾದರೆ ಮೈಸೂರಿನ ಲೆಕ್ಕ? ಆಗ ನಾಲ್ವಡಿ ಕೃಷ್ಣರಾಜ ಒಡೆಯರಿಗೆ 20 ವರ್ಷ. ನಮ್ಮ ಸಂಸ್ಥಾನ ಬ್ರಿಟಿಷರಿಗೆ ಪ್ರತಿ ವರ್ಷ 35 ಲಕ್ಷ ಪೊಗದಿ ಕಟ್ಟುತ್ತಿತ್ತು. ಟಿಬೆಟ್‌ಗೆ ಹಾಕಿದ ಪೂರ್ತಿ ದಂಡಕ್ಕಿಂತ ಹೆಚ್ಚು ಹಣ ನಾವು ಮೂರೇ ವರ್ಷದಲ್ಲಿ ಕಟ್ಟಿದ್ದೀವಿ! ಯುದ್ಧ ಮಾಡದೆ, ತಪ್ಪು ಮಾಡದೆ. ಅದು ಇಳಿದದ್ದು 1928ರಲ್ಲಿ.

ಆಂಪ್ಟ್‌ಹಿಲ್ 1906ರಲ್ಲಿ ವಾಪಸ್ ಹೋದ. ಕಥೆಯ ನಿಜವಾದ ತಿರುವು ಅಲ್ಲಿದೆ. ದಕ್ಷಿಣ ಆಫ್ರಿಕಾದ ಭಾರತೀಯರ ಪರ ಲಂಡನ್‌ನಲ್ಲಿ ಒಂದು ಸಮಿತಿ ಇತ್ತು, ಅದಕ್ಕೆ ಈತ ಅಧ್ಯಕ್ಷ. 1909ರಲ್ಲಿ ಗಾಂಧೀಜಿ ಲಂಡನ್‌ಗೆ ಬಂದಾಗ ಅವರ ಪರವಾಗಿ ಮಾತುಕತೆಗೆ ಓಡಾಡಿದ್ದು ಈತನೇ. ಗಾಂಧೀಜಿಯ ಮೊಟ್ಟಮೊದಲ ಜೀವನಚರಿತ್ರೆಗೆ ಮುನ್ನುಡಿ ಬರೆದದ್ದೂ ಈತನೇ. ಹಾಗಂತ ಕಣ್ಮುಚ್ಚಿ ನಂಬಲಿಲ್ಲ. ನಿಮ್ಮ ಚಳವಳಿಗೆ ಇಂಡಿಯಾದ ಉಗ್ರರ ದುಡ್ಡು ಬರ್ತಿದೆಯಂತೆ, ನಿಜವೇ ಅಂತ ಕೇಳಿಯೇ ಕೇಳಿದ. ಗಾಂಧೀಜಿ ಇಲ್ಲ ಅಂದರು. ಅಕ್ಟೋಬರ್ 30ರಂದು ಉದ್ದದ ಪತ್ರವನ್ನೇ ಬರೆದರು. ಬ್ರಿಟಿಷರು ಕೆಟ್ಟವರು ಅಂತ ನಾನು ಹೇಳ್ತಿಲ್ಲ, ಕೆಟ್ಟಿರೋದು ವ್ಯವಸ್ಥೆ ಎಂಬುದು ಅದರ ಸಾರಾಂಶ. ಎರಡೇ ವಾರ, ಅದೇ ವಿಚಾರ ಹಡಗಿನಲ್ಲಿ ‘ಹಿಂದ್ ಸ್ವರಾಜ್’ ಪುಸ್ತಕ ಆಯ್ತು.

ಆಂಪ್ಟ್‌ಹಿಲ್‌ಗೆ ಆ ಮಾತು ನಾಟಲಿಲ್ಲ. ಭಾರತೀಯನಿಗೆ ಆಫ್ರಿಕಾದಲ್ಲಿ ಅವಮಾನ ಆಗಬಾರದು, ಸರಿ. ಆದರೆ ಭಾರತದಲ್ಲಿ ಭಾರತೀಯನೇ ಆಳೋದಾ? ಅದಕ್ಕೆ ಒಪ್ಪಲಿಲ್ಲ. ಮಾಂಟೆಗು–ಚೆಮ್ಸ್‌ಫರ್ಡ್ ಸುಧಾರಣೆ ಬಂದಾಗ ವಿರೋಧಿಸಿದವರ ಸಾಲಿನಲ್ಲಿ ನಿಂತ. 1935ರ ಜುಲೈ 7ರಂದು ತೀರಿಕೊಂಡ. ನಾಲ್ಕೇ ವಾರದಲ್ಲಿ, ಆಗಸ್ಟ್ 2ಕ್ಕೆ, ಭಾರತ ಸರ್ಕಾರ ಕಾಯ್ದೆಗೆ ಅಂಕಿತ ಬಿತ್ತು. ಅದರ ಪ್ರಕಾರ ಚುನಾವಣೆ ನಡೆದು, 1937ರಲ್ಲಿ ಮದ್ರಾಸಿನಲ್ಲಿ ರಾಜಾಜಿ ಸರ್ಕಾರ ರಚಿಸಿದರು.