ಸದ್ದಿಗೆ ಸಹಿ ಯಾರದು?

1981ರಲ್ಲಿ ಲಂಡನ್ನಿನ ಸ್ಟೆರೈಲ್ ರೆಕಾರ್ಡ್ಸ್ ಎಂಬ ಪುಟ್ಟ ಸಂಸ್ಥೆಯಿಂದ ಒಂದು ಎಲ್‌ಪಿ ತಟ್ಟೆ ಹೊರಬಂತು. ಹೆಸರು ‘ಸಿಂಫನಿ ಫಾರ್ ಎ ಜೆನೊಸೈಡ್’, ಅಂದರೆ ನರಮೇಧಕ್ಕೊಂದು ಸಿಂಫನಿ. ಹೆಸರಿನಲ್ಲಿ ಸಿಂಫನಿ ಇದ್ದರೂ ಅದರಲ್ಲಿ ವಾದ್ಯಗೋಷ್ಠಿ ಇರಲಿಲ್ಲ, ಹಾಡಿರಲಿಲ್ಲ, ರಾಗವೂ ಇರಲಿಲ್ಲ. ಇಟಲಿಯ ಮಿಲಾನಿನಲ್ಲಿ ಒಬ್ಬನೇ ಒಬ್ಬ ಮನುಷ್ಯ ಯಂತ್ರಗಳ ಮುಂದೆ ಕೂತು ತೆಗೆದ ಸದ್ದು ಅದು. ತಟ್ಟೆ ಅಚ್ಚು ಹಾಕಿಸಲು ಬೇಕಾದ ಹಣವನ್ನೂ ಅವನೇ ಲಂಡನ್ನಿಗೆ ಕಳಿಸಿದ್ದ. ಅವನ ಹೆಸರು ಮೌರಿಟ್ಸಿಯೊ ಬಿಯಾಂಕಿ. ತಟ್ಟೆಗಳ ಮೇಲೆ ಹಲವು ಸಲ ಕೇವಲ ‘ಎಂ.ಬಿ.’ ಎಂಬ ಎರಡಕ್ಷರ.

ಆ ಎರಡಕ್ಷರದ ಸಹಿಗೆ ಮುಂದೆ ಏನಾಯಿತು ಎನ್ನುವುದು ಇಪ್ಪತ್ತನೆಯ ಶತಮಾನದ ಸಂಗೀತ ಚರಿತ್ರೆಯ ಒಂದು ಸಣ್ಣ ಅಡಿಟಿಪ್ಪಣಿ. ಆದರೆ ಕಲೆಯನ್ನು ಮಾಡಿದವನಿಗೂ ಅದರ ಅರ್ಥಕ್ಕೂ ಇರುವ ಸಂಬಂಧದ ಬಗ್ಗೆ ಯೋಚಿಸುವ ಯಾರೂ ದಾಟಿಹೋಗಲಾಗದ ಅಡಿಟಿಪ್ಪಣಿ.

ಮೊದಲು ಕಾಲವನ್ನು ನೋಡೋಣ. ಇಟಲಿಯವರು ಆ ದಶಕವನ್ನು ‘ಸೀಸದ ವರ್ಷಗಳು’ ಎಂದು ಕರೆಯುತ್ತಾರೆ. ಸೀಸ ಎಂದರೆ ಗುಂಡು. 1969ರ ಡಿಸೆಂಬರ್ 12ರಂದು ಮಿಲಾನಿನ ಪಿಯಾತ್ಸಾ ಫೊಂತಾನಾದ ಬ್ಯಾಂಕೊಂದರಲ್ಲಿ ಬಾಂಬ್ ಸಿಡಿದು 17 ಜನ ಸತ್ತರು. 1978ರಲ್ಲಿ ಮಾಜಿ ಪ್ರಧಾನಿ ಆಲ್ದೊ ಮೊರೊ ಅವರನ್ನು ರೆಡ್ ಬ್ರಿಗೇಡ್ಸ್ ಅಪಹರಿಸಿ ಕೊಂದಿತು. 1980ರ ಆಗಸ್ಟ್ 2ರಂದು ಬೊಲೊನ್ಯಾ ರೈಲು ನಿಲ್ದಾಣದಲ್ಲಿ ಸಿಡಿದ ಬಾಂಬಿಗೆ 85 ಜನ ಬಲಿಯಾದರು. ಎಡಪಂಥದ ಬಂದೂಕು ಒಂದು ಕಡೆ, ನವಫ್ಯಾಸಿಸ್ಟರ ಬಾಂಬು ಇನ್ನೊಂದು ಕಡೆ. ಇಪ್ಪತ್ತು ದಾಟಿದ ಹುಡುಗ ಹುಡುಗಿಯರಿಗೆ ಇದು ಪತ್ರಿಕೆಯಲ್ಲಿ ಓದುವ ಸುದ್ದಿಯಾಗಿರಲಿಲ್ಲ, ನಡೆದಾಡುವ ಬೀದಿಯಾಗಿತ್ತು.

ಇದೇ ಕಾಲದಲ್ಲಿ ಅಲ್ಲಿ ಇನ್ನೊಂದು ಸಂಗತಿಯೂ ನಡೆಯಿತು. 1976ರಲ್ಲಿ ಇಟಲಿಯ ಸಾಂವಿಧಾನಿಕ ನ್ಯಾಯಾಲಯ ಸ್ಥಳೀಯ ಪ್ರಸಾರದ ಮೇಲೆ ಸರ್ಕಾರಕ್ಕಿದ್ದ ಏಕಸ್ವಾಮ್ಯವನ್ನು ತೆಗೆದುಹಾಕಿತು. ಖಾಸಗಿ ರೇಡಿಯೊಗಳು ಮಳೆಗಾಲದ ಅಣಬೆಗಳಂತೆ ಎದ್ದವು. ಅದೇ ವರ್ಷ ಬೊಲೊನ್ಯಾದಲ್ಲಿ ಶುರುವಾದ ‘ರೇಡಿಯೊ ಅಲಿಚೆ’ಗೆ ಯಾರು ಬೇಕಾದರೂ ಫೋನ್ ಮಾಡಿ ನೇರವಾಗಿ ಮಾತಾಡಬಹುದಿತ್ತು. 1977ರ ಮಾರ್ಚ್ 11ರಂದು ಫ್ರಾಂಚೆಸ್ಕೊ ಲೊರುಸ್ಸೊ ಎಂಬ ವಿದ್ಯಾರ್ಥಿ ಗುಂಡಿಗೆ ಬಲಿಯಾದ. ಮರುದಿನ ರಾತ್ರಿ ಪೊಲೀಸರು ರೇಡಿಯೊ ಅಲಿಚೆಯ ಬಾಗಿಲು ಒಡೆದು ಒಳನುಗ್ಗಿದರು. ಪ್ರಸಾರ ನಡೆಯುತ್ತಲೇ ಇತ್ತು. ಬಾಗಿಲು ಬಡಿಯುವುದನ್ನು ಊರು ಕೇಳಿಸಿಕೊಂಡಿತು.

ಇಟಲಿಯ ಪಂಕ್ ಹುಟ್ಟಿದ್ದು ಈ ನೆಲದಲ್ಲಿ. ಬೊಲೊನ್ಯಾದ ಸ್ಕಿಯಾಂತೊಸ್ ತಂಡ 1977ರಲ್ಲಿ ತನ್ನ ಮೊದಲ ಸಂಗ್ರಹವನ್ನು ಕ್ಯಾಸೆಟ್ಟಿನಲ್ಲಿ ಹೊರತಂದಾಗ ಅದಕ್ಕಿಟ್ಟ ಹೆಸರು ‘ಇನಾಸ್ಕೊಲ್ತಾಬಿಲೆ’, ಅಂದರೆ ಕೇಳಲಾಗದ್ದು. ದೊಡ್ಡ ಕಂಪನಿ ಬೇಡ, ಸ್ಟುಡಿಯೊ ಬೇಡ, ಸಂಗೀತ ಶಾಲೆಯ ಪ್ರಮಾಣಪತ್ರವಂತೂ ಬೇಡವೇ ಬೇಡ. ನಮ್ಮದನ್ನು ನಾವೇ ಮಾಡಿಕೊಳ್ಳುತ್ತೇವೆ ಎನ್ನುವ ಹಟ ಅದರ ತಿರುಳು. ಪಂಕ್ ಎಂದರೆ ಮೂರು ಗಿಟಾರ್ ಸ್ವರ ಮತ್ತು ಸಿಟ್ಟು ಎಂಬ ತಿಳಿವಳಿಕೆ ಅರ್ಧ ಮಾತ್ರ ಸರಿ. ಮಾಡುವ ಹಕ್ಕು ಎಲ್ಲರದೂ ಎಂಬ ಆ ಹಟವನ್ನೇ ಹಿಡಿದು ಕೆಲವರು ಗಿಟಾರನ್ನೂ ಬಿಟ್ಟರು, ತಂಡವನ್ನೂ ಬಿಟ್ಟರು. ಒಂದು ಕೋಣೆ, ಒಂದು ಸಿಂಥಸೈಜರ್, ಒಂದು ಟೇಪ್ ರೆಕಾರ್ಡರ್ ಇದ್ದರೆ ಸಾಕು ಎಂದರು. ಬಿಯಾಂಕಿ ಆ ಸಾಲಿನವನು.

ಈ ಸಾಲಿಗೆ ಇಟಲಿಯಲ್ಲೇ ಹಳೆಯ ಬೇರುಗಳಿದ್ದವು. 1913ರ ಮಾರ್ಚಿನಲ್ಲಿ ಚಿತ್ರಕಾರ ಲುಯಿಜಿ ರುಸ್ಸೊಲೊ ‘ಗದ್ದಲಗಳ ಕಲೆ’ ಎಂಬ ಪ್ರಣಾಳಿಕೆ ಬರೆದ. ಟ್ರಾಮಿನ ಕಿರುಚು, ಕಾರ್ಖಾನೆಯ ಗುಡುಗು, ಜನಜಂಗುಳಿಯ ಸದ್ದು ಇವೇ ಹೊಸ ಕಾಲದ ಸಂಗೀತ ಎನ್ನುವುದು ಅವನ ವಾದ. ‘ಇಂತೊನಾರುಮೋರಿ’ ಎಂಬ ಗದ್ದಲದ ಪೆಟ್ಟಿಗೆಗಳನ್ನು ಕಟ್ಟಿ 1914ರಲ್ಲಿ ಮಿಲಾನಿನ ದಾಲ್ ವೆರ್ಮೆ ರಂಗಮಂದಿರದಲ್ಲಿ ನುಡಿಸಿದ; ಸಭೆಯೇ ರಣರಂಗವಾಯಿತು. ಆದರೆ ರುಸ್ಸೊಲೊನ ಬಳಗವಾದ ಫ್ಯೂಚರಿಸ್ಟರು ಯಂತ್ರವನ್ನು ಹೊಗಳಿದ ಬಾಯಲ್ಲೇ ಯುದ್ಧವನ್ನೂ ಹೊಗಳಿದರು. ಅವರ ನಾಯಕ ಮರಿನೆತ್ತಿ ಮುಸೊಲಿನಿಯ ಜೊತೆ ಸೇರಿದ. ಗದ್ದಲಕ್ಕೆ ತಾನಾಗಿ ಒಂದು ಪಕ್ಷವಿಲ್ಲ. ಅದು ಬಂಡಾಯವೂ ಆಗಬಹುದು, ಬೂಟಿನ ಸದ್ದೂ ಆಗಬಹುದು. ಈ ಮಾತನ್ನು ನೆನಪಿನಲ್ಲಿಟ್ಟುಕೊಳ್ಳೋಣ.

ಎರಡನೆಯ ಬೇರು ಸರ್ಕಾರಿ. 1955ರಲ್ಲಿ ಲುಚಿಯಾನೊ ಬೇರಿಯೊ ಮತ್ತು ಬ್ರೂನೊ ಮದೆರ್ನಾ ಮಿಲಾನಿನ ಆರ್‌ಎಐ ಪ್ರಸಾರ ಸಂಸ್ಥೆಯಲ್ಲಿ ‘ಸ್ಟುಡಿಯೊ ದಿ ಫೊನೊಲೊಜಿಯಾ’ ಕಟ್ಟಿದರು. ಅಲ್ಲಿನ ಒಂಬತ್ತು ಆಸಿಲೇಟರುಗಳು ಆ ಕಾಲಕ್ಕೆ ದೊಡ್ಡ ವೈಭವ. ವಿದ್ಯುತ್ತಿನಿಂದ ಸ್ವರ ಹುಟ್ಟಿಸಬೇಕೆಂದರೆ ಅಂಥ ಸಂಸ್ಥೆಯ ಬಾಗಿಲು ತಟ್ಟಬೇಕಿತ್ತು. ಅದೇ 1955ರಲ್ಲಿ ಪೊ ನದಿಯ ದಂಡೆಯ ಪೊಂಪೊನೆಸ್ಕೊ ಎಂಬ ಸಣ್ಣ ಊರಿನಲ್ಲಿ ಬಿಯಾಂಕಿ ಹುಟ್ಟಿದ. ಅವನು ಬೆಳೆದು ನಿಲ್ಲುವ ಹೊತ್ತಿಗೆ ಸಿಂಥಸೈಜರ್ ಅಂಗಡಿಯ ಸಾಮಾನಾಗಿತ್ತು. 1978ರಲ್ಲಿ ಬಂದ ಕೊರ್ಗ್ ಎಂಎಸ್-20ರಂಥ ಯಂತ್ರಗಳು ಮೇಜಿನ ಮೇಲೆ ಕೂರುತ್ತಿದ್ದವು. ಸರ್ಕಾರದ ಸ್ಟುಡಿಯೊ 1983ರಲ್ಲಿ ಮುಚ್ಚಿತು. ಅಷ್ಟರಲ್ಲಿ ಅದರ ಕೆಲಸ ಮನೆಮನೆಯ ಕೋಣೆಗಳಿಗೆ ಬಂದಿತ್ತು.

1979ರ ಆಗಸ್ಟಿನಲ್ಲಿ ಬಿಯಾಂಕಿ ‘ಸಾಖರ್-ಪೆಲ್ಜ್’ ಎಂಬ ಹೆಸರಿನಲ್ಲಿ ಕ್ಯಾಸೆಟ್ಟುಗಳನ್ನು ಹೊರಡಿಸಲು ಶುರುಮಾಡಿದ. ನಾಲ್ಕು ಕ್ಯಾಸೆಟ್ಟುಗಳಾದ ಮೇಲೆ, 1980ರಲ್ಲಿ, ಆ ಮುಖವಾಡ ಕಳಚಿ ತನ್ನ ಹೆಸರಿಗೆ ಬಂದ. ಜರ್ಮನಿಯ ಟ್ಯಾಂಜರಿನ್ ಡ್ರೀಮ್, ಕಾನ್ರಾಡ್ ಶ್ನಿಟ್ಸ್‌ಲರ್, ಇಂಗ್ಲೆಂಡಿನ ಥ್ರಾಬಿಂಗ್ ಗ್ರಿಸಲ್ ಅವನನ್ನು ಪ್ರಭಾವಿಸಿದ್ದವು. ವೇದಿಕೆಗಿಂತ ಅಂಚೆಪೆಟ್ಟಿಗೆಯೇ ಅವನಿಗೆ ದೊಡ್ಡ ಸಭಾಂಗಣವಾಯಿತು.

ಕ್ಯಾಸೆಟ್ಟಿನ ಈ ಲೋಕ ಹೇಗೆ ನಡೆಯುತ್ತಿತ್ತೆಂದು ಇಂದಿನ ವಿದ್ಯಾರ್ಥಿಗಳಿಗೆ ಸ್ವಲ್ಪ ಬಿಡಿಸಿ ಹೇಳಬೇಕು. ಎಲ್‌ಪಿ ತಟ್ಟೆ ಮಾಡಿಸಬೇಕೆಂದರೆ ಕಾರ್ಖಾನೆ ಬೇಕು, ಒಂದೇ ಸಲಕ್ಕೆ ನೂರಾರು ಪ್ರತಿಗಳ ದುಡ್ಡು ಬೇಕು. ಕ್ಯಾಸೆಟ್ಟಿಗೆ ಅದೇನೂ ಬೇಡ. ಎರಡು ಟೇಪ್ ರೆಕಾರ್ಡರ್ ಇದ್ದರೆ ಒಂದರಲ್ಲಿ ಓಡಿಸಿ ಇನ್ನೊಂದರಲ್ಲಿ ತುಂಬಿಕೊಳ್ಳಬಹುದು. ಕೇಳಿದವರಿಗೆ ಕೇಳಿದಷ್ಟು ಪ್ರತಿ. ಮುಖಪುಟ ಜೆರಾಕ್ಸ್ ಅಂಗಡಿಯಲ್ಲಿ ತಯಾರಾಗುತ್ತಿತ್ತು. ನನ್ನದೊಂದು ಕಳಿಸುತ್ತೇನೆ, ನಿನ್ನದೊಂದು ಕಳಿಸು ಎಂಬ ವಿನಿಮಯವೇ ಬೆಲೆ. ಪ್ರತಿಯಿಂದ ಪ್ರತಿ ತೆಗೆದಂತೆಲ್ಲ ‘ಹಿಸ್’ ಎನ್ನುವ ಟೇಪಿನ ಉಸಿರು ಹೆಚ್ಚುತ್ತಿತ್ತು. ದೂರ ಹೋದಷ್ಟೂ ಸಂಗೀತ ಮಸುಕಾಗುತ್ತಿತ್ತು. ಹೀಗೆ ಬಿಯಾಂಕಿಯ ಕಾಗದಗಳು ಜಪಾನಿನ ಮೆರ್ಜ್‌ಬೊ, ಆಸ್ಟ್ರೇಲಿಯಾ ಮೂಲದ ಎಸ್‌ಪಿಕೆ, ಲಂಡನ್ನಿನ ನಾಕ್ಟರ್ನಲ್ ಎಮಿಶನ್ಸ್ ಮುಂತಾದವರಿಗೆ ಹೋದವು, ಉತ್ತರಗಳು ಬಂದವು. ನಾಕ್ಟರ್ನಲ್ ಎಮಿಶನ್ಸಿನ ನೈಜೆಲ್ ಏಯರ್ಸ್ ಅವರದೇ ಸ್ಟೆರೈಲ್ ರೆಕಾರ್ಡ್ಸ್. ‘ಸಿಂಫನಿ’ ಅಚ್ಚಾದದ್ದು ಅಂಥದೊಂದು ಪತ್ರವ್ಯವಹಾರದ ಫಲ. ಇಡೀ ವ್ಯವಸ್ಥೆ ನಿಂತಿದ್ದದ್ದು ಒಂದೇ ಕಂಬದ ಮೇಲೆ. ಅದು ನಂಬಿಕೆ.

ಆ ತಟ್ಟೆಯ ಒಂದೊಂದು ಭಾಗಕ್ಕೂ ಒಂದೊಂದು ನಾತ್ಸಿ ಸಂಹಾರ ಶಿಬಿರದ ಹೆಸರು: ಟ್ರೆಬ್ಲಿಂಕಾ, ಆಶ್‌ವಿಟ್ಜ್, ಬೆಲ್ಜೆಕ್, ಸೊಬಿಬೋರ್. ಮುಖಪುಟದಲ್ಲಿ ಆಶ್‌ವಿಟ್ಜಿನ ಕೈದಿಗಳ ವಾದ್ಯಗೋಷ್ಠಿಯ ಚಿತ್ರ. ಆ ಶಿಬಿರದಲ್ಲಿ ಕೈದಿಗಳಿಂದ ಬಲವಂತವಾಗಿ ವಾದ್ಯ ನುಡಿಸುತ್ತಿದ್ದರು ಎಂಬುದು ಚರಿತ್ರೆ. ಹಾಗಾಗಿ ಹೆಸರಿನ ‘ಸಿಂಫನಿ’ ಅಲಂಕಾರವಲ್ಲ, ಆರೋಪ. ಕೊಲೆಯ ಪಕ್ಕದಲ್ಲಿ ನಿಂತು ನುಡಿದ ಸಂಗೀತ ಮತ್ತೆ ಎಂದಿನಂತೆ ಇಂಪಾಗಿ ನುಡಿಯಬಹುದೇ ಎಂಬ ಪ್ರಶ್ನೆ ಅದರಲ್ಲಿದೆ. ಕೇಳಿದರೆ ಮೊದಲು ತಟ್ಟುವುದು ಮಿಡಿತ. ಯಂತ್ರವೊಂದು ಒಂದೇ ಸಮನೆ ಬಡಿದುಕೊಳ್ಳುತ್ತದೆ. ಅದರ ಮೇಲೆ ಪ್ರತಿಧ್ವನಿಯಲ್ಲಿ ನೆನೆದ ಸ್ವರಗಳು ಏಳುತ್ತವೆ, ಕೊಳೆಯುತ್ತವೆ. ಅಬ್ಬರವಿಲ್ಲ. ದಣಿವಿದೆ. ಮಾತು ಇಲ್ಲವೇ ಇಲ್ಲ.

ಇದನ್ನು ಮಾಡಿದ ಊರು ಮಿಲಾನ್ ಎನ್ನುವುದನ್ನು ಮರೆಯುವಂತಿಲ್ಲ. ಮಿಲಾನ್ ಕೇಂದ್ರ ರೈಲು ನಿಲ್ದಾಣದ ತಳಭಾಗದಲ್ಲಿ, ಪ್ರಯಾಣಿಕರ ಕಣ್ಣಿಗೆ ಬೀಳದ ಕಡೆ, ಅಂಚೆ ಸಾಮಾನು ತುಂಬುವ ಜಾಗವಿತ್ತು. 1944ರ ಜನವರಿ 30ರಂದು ಅಲ್ಲಿಂದ ಯಹೂದಿಗಳನ್ನು ಸರಕು ಡಬ್ಬಿಗಳಲ್ಲಿ ತುಂಬಿ ಆಶ್‌ವಿಟ್ಜಿಗೆ ಸಾಗಿಸಲಾಯಿತು. ‘21ನೆಯ ಪ್ಲಾಟ್‌ಫಾರ್ಮ್’ ಎಂದು ಹೆಸರಾದ ಆ ಜಾಗ ಸ್ಮಾರಕವಾಗಿ ತೆರೆದದ್ದು ಈ ಶತಮಾನದಲ್ಲಿ. ಟ್ಯೂರಿನ್ನಿನ ಪ್ರಿಮೊ ಲೆವಿ ಆಶ್‌ವಿಟ್ಜಿನಿಂದ ಬದುಕಿ ಬಂದು ಬರೆದ ಮೊದಲ ಪುಸ್ತಕವನ್ನು ಐನಾಉದಿ ಪ್ರಕಾಶನ ಮೊದಲು ನಿರಾಕರಿಸಿತ್ತು. 1947ರಲ್ಲಿ ಸಣ್ಣ ಪ್ರಕಾಶನವೊಂದು ಅದನ್ನು ಅಚ್ಚು ಹಾಕಿತು, ದೊಡ್ಡ ಓದುಗ ವರ್ಗ ದಕ್ಕಿದ್ದು 1958ರ ಮರುಮುದ್ರಣದ ನಂತರ. ನೆನಪು ಮಾಡಿಕೊಳ್ಳಲು ಒಂದು ದೇಶಕ್ಕೆ ಎಷ್ಟು ಹೊತ್ತು ಹಿಡಿಯುತ್ತದೆ ಎಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಡ. ಹಾಗಿರುವಾಗ ಯುದ್ಧ ಮುಗಿದು ಹತ್ತು ವರ್ಷಕ್ಕೆ ಹುಟ್ಟಿದವನೊಬ್ಬ ಆ ಹೆಸರುಗಳನ್ನು ತನ್ನ ಸದ್ದಿಗೆ ಇಡಬಹುದೇ? ಇಡಬಹುದಾದರೆ ಯಾವ ಷರತ್ತಿನ ಮೇಲೆ?

ಉತ್ತರ ಬಂದದ್ದು ಕ್ರೂರವಾದ ದಾರಿಯಲ್ಲಿ. ಅದೇ ಹೊತ್ತಿಗೆ ಬಿಯಾಂಕಿ ತನ್ನ ಧ್ವನಿಮುದ್ರಣಗಳನ್ನು ಲಂಡನ್ನಿನ ಇನ್ನೊಂದು ಸಂಸ್ಥೆಗೆ, ಕಮ್ ಆರ್ಗನೈಸೇಶನ್ನಿಗೆ, ಕೊಟ್ಟ. ಒಪ್ಪಂದಕ್ಕೆ ಸಹಿಯೂ ಹಾಕಿದ. ತಟ್ಟೆಗಳು ಬಂದಾಗ ಅವುಗಳ ಮೇಲಿದ್ದ ಹೆಸರು ‘ಲೈಬ್‌ಸ್ಟಾಂಡಾರ್ಟೆ ಎಸ್‌ಎಸ್ ಎಂಬಿ’. ಲೈಬ್‌ಸ್ಟಾಂಡಾರ್ಟೆ ಎಂದರೆ ಹಿಟ್ಲರನ ಅಂಗರಕ್ಷಕ ಪಡೆ. ಅವನ ಸದ್ದಿನ ಮೇಲೆ ನಾತ್ಸಿ ನಾಯಕರ ಭಾಷಣಗಳನ್ನು ಅಂಟಿಸಲಾಗಿತ್ತು. ಮೊದಲ ತಟ್ಟೆಯ ಹೆಸರು ‘ಟ್ರಯಂಫ್ ಆಫ್ ದ ವಿಲ್’, ಲೆನಿ ರೀಫೆನ್‌ಸ್ಟಾಲಳ ನಾತ್ಸಿ ಪ್ರಚಾರಚಿತ್ರದ ಹೆಸರೇ. ಇದು ತನ್ನ ಕೆಲಸವಲ್ಲ ಎಂದು ಬಿಯಾಂಕಿ ಆ ತಟ್ಟೆಗಳನ್ನು ನಿರಾಕರಿಸಿದ.

ಆಗ ಇಂಡಸ್ಟ್ರಿಯಲ್ ಸಂಗೀತದ ಬಳಗದಲ್ಲಿ ನಾತ್ಸಿ ಚಿಹ್ನೆಗಳ ಜೊತೆ ಆಟವಾಡುವುದು ಒಂದು ಚಾಳಿಯಾಗಿತ್ತು. ಬೆಚ್ಚಿಬೀಳಿಸುವುದಕ್ಕೆ, ಸಭ್ಯ ಸಮಾಜದ ಮುಖವಾಡ ಕಳಚುವುದಕ್ಕೆ ಎಂದು ಅದಕ್ಕೆ ಸಮರ್ಥನೆ ಕೊಡುತ್ತಿದ್ದರು. ಆದರೆ ಬೆಚ್ಚಿಬೀಳುವವರು ಯಾರು, ನೋಯುವವರು ಯಾರು ಎಂಬ ಲೆಕ್ಕ ಆ ಸಮರ್ಥನೆಯಲ್ಲಿ ಇರಲಿಲ್ಲ. ಶಿಬಿರದಲ್ಲಿ ಸತ್ತವರ ಕಡೆಗೆ ಮುಖಮಾಡಿ ನಿಂತ ಸದ್ದಿಗೆ ಕೊಂದವರ ಬಾಯಿ ಅಂಟಿಸಿದರೆ ಅದು ತುಂಟತನವಲ್ಲ, ಅರ್ಥವನ್ನು ತಲೆಕೆಳಗು ಮಾಡಿದಂತೆ. ಅದು ಅಷ್ಟು ಸುಲಭವಾಗಿ ಸಾಧ್ಯವಾದದ್ದು ಏಕೆ ಎನ್ನುವುದು ಇಲ್ಲಿನ ಕಹಿಪಾಠ. ಪದವಿಲ್ಲದ ಸದ್ದು ತೆರೆದ ಮನೆ. ಹೆಸರು, ಮುಖಪುಟ, ಶೀರ್ಷಿಕೆ ಇವಿಷ್ಟೇ ಅದರ ಬಾಗಿಲು. ಸ್ಟೆರೈಲ್ ಹೊರತಂದ ತಟ್ಟೆಯಲ್ಲಿ ಬಾಗಿಲು ಮಾಡಿದವನ ಕೈಯಲ್ಲಿತ್ತು. ಇಲ್ಲಿ ಅದು ಬೇರೆಯವರ ಕೈಗೆ ಹೋಯಿತು. ರುಸ್ಸೊಲೊನ ಕಾಲದಲ್ಲಿ ಕಂಡದ್ದೇ ಮತ್ತೆ ಕಂಡಿತು. ಗದ್ದಲಕ್ಕೆ ಪಕ್ಷವಿಲ್ಲ, ಪಕ್ಷ ಇರುವುದು ಅದಕ್ಕೆ ಸಹಿ ಹಾಕುವವನಿಗೆ.

ನಮ್ಮದನ್ನು ನಾವೇ ಮಾಡಿಕೊಳ್ಳುತ್ತೇವೆ ಎಂಬ ಪಂಕಿನ ಘೋಷಣೆಯನ್ನು ನಾವು ಹೆಚ್ಚಾಗಿ ದುಡ್ಡಿನ, ಸಲಕರಣೆಯ ಮಾತಾಗಿ ಓದುತ್ತೇವೆ. ಬಿಯಾಂಕಿಯ ಕತೆ ಅದನ್ನು ಹೊಣೆಯ ಮಾತಾಗಿ ಓದಿಸುತ್ತದೆ. ದೊಡ್ಡ ಕಂಪನಿಯಿಂದ ತಪ್ಪಿಸಿಕೊಂಡ ಮಾತ್ರಕ್ಕೆ ಕಲಾವಿದ ಸ್ವತಂತ್ರನಾಗುವುದಿಲ್ಲ. ಸಣ್ಣವರ ನಡುವೆಯೂ ಒಪ್ಪಿಗೆ ಕೇಳಬೇಕು.

ನಂತರದ ಮೂರು ವರ್ಷ ಅವನು ಬಿಡುವಿಲ್ಲದೆ ದುಡಿದ. ‘ಮೆನ್ಸಸ್’, ‘ನ್ಯೂರೊ ಹ್ಯಾಬಿಟಾಟ್’, ‘ಎಂಡೊಮೆಟ್ರಿಯೊ’, ‘ಕಾರ್ಚಿನೋಸಿ’ ಮುಂತಾದ ತಟ್ಟೆಗಳು ಬಂದವು. ಹೆಸರುಗಳೆಲ್ಲ ದೇಹದ್ದು, ರೋಗದ್ದು. ಹಿಂಸೆಯನ್ನು ಹುಡುಕುತ್ತ ಶಿಬಿರದಿಂದ ಜೀವಕೋಶದವರೆಗೆ ಇಳಿದಂತೆ. 1984ರಲ್ಲಿ ‘ಆರ್ಮಗೆಡೋನ್’ ಬಂತು. ಅಲ್ಲಿಗೆ ನಿಲ್ಲಿಸಿದ. ಯೆಹೋವನ ಸಾಕ್ಷಿಗಳ ಪಂಥವನ್ನು ಸೇರಿದ ಅವನು ಸಂಗೀತದಿಂದ ದೂರ ಸರಿದ. ಆ ಪಂಥದವರು ಹಿಟ್ಲರನಿಗೆ ಜೈಕಾರ ಹೇಳಲು, ಸೈನ್ಯಕ್ಕೆ ಸೇರಲು ಒಪ್ಪದೆ ನಾತ್ಸಿ ಶಿಬಿರಗಳಿಗೆ ಹೋದವರು. ಅವರ ಅಂಗಿಯ ಮೇಲೆ ನೇರಳೆ ಬಣ್ಣದ ತ್ರಿಕೋನ ಹೊಲಿದಿರುತ್ತಿತ್ತು. ಈ ಎರಡರ ನಡುವೆ ಕಾರಣದ ಗೆರೆ ಎಳೆಯುವುದು ನಮ್ಮ ಕೆಲಸವಲ್ಲ. ಶಿಬಿರಗಳ ಹೆಸರನ್ನು ತಟ್ಟೆಯ ಮೇಲೆ ಬರೆದವನು ಕೊನೆಗೆ ಸೇರಿದ ಸಮುದಾಯದ ನೆನಪಿನಲ್ಲೂ ಆ ಶಿಬಿರಗಳಿದ್ದವು ಎಂಬಷ್ಟು ಮಾತ್ರ ಹೇಳಬಹುದು.

ಮೌನ ಸುಮಾರು ಹದಿನಾಲ್ಕು ವರ್ಷ ನಡೆಯಿತು. 1998ರಲ್ಲಿ ಅಲ್ಗಾ ಮಾರ್ಗೆನ್ ಎಂಬ ಮಿಲಾನಿನ ಪ್ರಕಾಶನದವರ ಒತ್ತಾಸೆಯಿಂದ ಅವನು ಮತ್ತೆ ಯಂತ್ರಗಳ ಮುಂದೆ ಕೂತ. ಹಳೆಯ ತಟ್ಟೆಗಳು ಸಿಡಿಗಳಾಗಿ ಮರಳಿದವು. ಒಂದು ಕಾಲಕ್ಕೆ ಕಾಗದ ಬರೆದು ತಿಂಗಳುಗಟ್ಟಲೆ ಕಾದವರಿಗಷ್ಟೇ ಸಿಗುತ್ತಿದ್ದ ಸದ್ದು ಈಗ ಯಾರ ಫೋನಿನಲ್ಲಾದರೂ ಸಿಗುತ್ತದೆ. ಇಂದು ಒಂದು ಲ್ಯಾಪ್‌ಟಾಪ್ ಇರುವ ಯಾವ ಹುಡುಗಿಯಾದರೂ ಒಂಬತ್ತು ಆಸಿಲೇಟರುಗಳ ಸರ್ಕಾರಿ ಸ್ಟುಡಿಯೊಗಿಂತ ಹೆಚ್ಚಿನದನ್ನು ಮಂಚದ ಮೇಲೆ ಕೂತೇ ಮಾಡಬಲ್ಲಳು. ಅವಳು ಮಾಡಿದ್ದರ ಮೇಲೆ ಬೇರೆ ಮಾತು ಅಂಟಿಸುವುದು ಕೂಡ ಅಷ್ಟೇ ಸಲೀಸು. ಅದಕ್ಕೆ ಲಂಡನ್ನಿಗೆ ಟೇಪ್ ಕಳಿಸಬೇಕಾಗಿಯೂ ಇಲ್ಲ. ಆದ್ದರಿಂದ ‘ಸಿಂಫನಿ’ಯನ್ನು ಕೇಳುವಾಗ ಅದರ ಮುಖಪುಟವನ್ನೂ ಎದುರಿಗಿಟ್ಟುಕೊಂಡು ಕೇಳಬೇಕು. ಆಶ್‌ವಿಟ್ಜಿನ ಆ ವಾದಕರು ಯಾರ ಅಪ್ಪಣೆಗೆ ನುಡಿಸಿದರು ಎಂದು ನಮಗೆ ಗೊತ್ತು. ಅವರಿಗೆ ಬೇಡ ಎನ್ನುವ ಹಕ್ಕಿರಲಿಲ್ಲ.