ಮಾಸ್‌ಬರ್ಗ್ 590ಎ1 ರೆಟ್ರೊಗ್ರೇಡ್

ಮಾಸ್‌ಬರ್ಗ್ 590ಎ1 ರೆಟ್ರೊಗ್ರೇಡ್ ಎಂಬುದು ಅಮೆರಿಕದ ಕನೆಕ್ಟಿಕಟ್ ರಾಜ್ಯದ ಓ. ಎಫ್. ಮಾಸ್‌ಬರ್ಗ್ ಅಂಡ್ ಸನ್ಸ್ ಸಂಸ್ಥೆಯು 2019ರಲ್ಲಿ ಮಾರುಕಟ್ಟೆಗೆ ತಂದ 12 ಬೋರಿನ ಪಂಪ್ ಆಕ್ಷನ್ ಷಾಟ್‌ಗನ್. ಸೇನೆಗಾಗಿ ರೂಪಿಸಿದ ಆಧುನಿಕ ಕೋವಿಯೊಂದಕ್ಕೆ ಮೊದಲನೆಯ ಮಹಾಯುದ್ಧದ ಕಾಲದ ಕಂದಕ ಕೋವಿಯ ಹೊರರೂಪವನ್ನು ತೊಡಿಸಿರುವುದು ಇದರ ವೈಶಿಷ್ಟ್ಯ. ಸ್ವೀಡನ್‌ನಿಂದ ವಲಸೆ ಬಂದ ಆಸ್ಕರ್ ಫ್ರೆಡರಿಕ್ ಮಾಸ್‌ಬರ್ಗ್ 1919ರಲ್ಲಿ ನ್ಯೂ ಹೇವನ್‌ನಲ್ಲಿ ಆರಂಭಿಸಿದ ಈ ಸಂಸ್ಥೆ 2019ರಲ್ಲೇ ನೂರು ತುಂಬಿಸಿತ್ತು.

ಷಾಟ್‌ಗನ್ ಎಂದರೆ ಒಳಮೈಯಲ್ಲಿ ಸುರುಳಿಗೀರುಗಳಿಲ್ಲದ ನಯವಾದ ನಳಿಗೆಯಿಂದ ಒಂದೇ ಈಡಿಗೆ ಹಲವು ಚರೆಗಳನ್ನು ಹಾರಿಸುವ ಕೋವಿ. ಮಲೆನಾಡು, ಕೊಡಗುಗಳಲ್ಲಿ ತೋಟಾ ಕೋವಿ ಎಂದು ಕರೆಯುವುದೂ ಇದೇ ಜಾತಿಗೆ ಸೇರಿದ್ದು. ಅಲ್ಲಿ ಒಂಟಿನಳಿಗೆ ಮತ್ತು ಜೋಡುನಳಿಗೆಯ ಬಗೆಗಳು ಹೆಚ್ಚು ಪರಿಚಿತವಾಗಿವೆ. ಬೋರ್ ಎಂಬುದು ನಳಿಗೆಯ ಒಳವ್ಯಾಸವನ್ನು ಸೂಚಿಸುವ ಹಳೆಯ ಅಳತೆ: ಒಂದು ಪೌಂಡ್ ಸೀಸವನ್ನು ಹನ್ನೆರಡು ಸಮನಾದ ಗುಂಡುಗಳಾಗಿ ಎರಕ ಹೊಯ್ದರೆ ಅವುಗಳಲ್ಲಿ ಒಂದು ಸರಿಯಾಗಿ ಹಿಡಿಸುವ ನಳಿಗೆ 12 ಬೋರಿನದು, ಅಂದರೆ ಸುಮಾರು 18.5 ಮಿಲಿಮೀಟರ್ ವ್ಯಾಸದ್ದು. ಆದ್ದರಿಂದಲೇ ಸಂಖ್ಯೆ ಹೆಚ್ಚಿದಂತೆ ನಳಿಗೆ ಸಣ್ಣದಾಗುತ್ತದೆ. ಪಂಪ್ ಆಕ್ಷನ್ ಕೋವಿಯಲ್ಲಿ ನಳಿಗೆಯ ಕೆಳಗಿರುವ ಮುಂಗೈಹಿಡಿಯನ್ನು ಹಿಂದಕ್ಕೆ ಎಳೆದಾಗ ಖಾಲಿ ತೋಟಾ ಹೊರಬೀಳುತ್ತದೆ, ಮುಂದಕ್ಕೆ ತಳ್ಳಿದಾಗ ಕೊಳವೆಯಾಕಾರದ ಮ್ಯಾಗಜೀನಿನಿಂದ ಮೇಲೆ ಬಂದ ಹೊಸ ತೋಟಾ ನಳಿಗೆಯ ಹಿಂಬದಿಯ ಚೇಂಬರನ್ನು ಸೇರುತ್ತದೆ. ಈ ಕೆಲಸಕ್ಕೆ ತೋಳಿನ ಬಲವೇ ಆಧಾರವಾದ್ದರಿಂದ ಸಿಡಿಮದ್ದಿನ ಒತ್ತಡ ಕಡಿಮೆಯಿರುವ ತೋಟಾಗಳೂ ಇದರಲ್ಲಿ ಅಡ್ಡಿಯಿಲ್ಲದೆ ನಡೆಯುತ್ತವೆ.

ರೆಟ್ರೊಗ್ರೇಡ್ ನೆನಪಿಗೆ ತರುವ ಮೂಲ ಕೋವಿ ಮಾಸ್‌ಬರ್ಗ್ ಸಂಸ್ಥೆಯದಲ್ಲ. ಅದು ಜಾನ್ ಮೋಸೆಸ್ ಬ್ರೌನಿಂಗ್ ರೂಪಿಸಿ ವಿಂಚೆಸ್ಟರ್ ಸಂಸ್ಥೆ ತಯಾರಿಸಿದ ಮಾಡೆಲ್ 1897. ಹೊರಗೆ ಕಾಣುವ ಸುತ್ತಿಗೆಯುಳ್ಳ ಈ ಕೋವಿ ಬೇಟೆಗಾರರಲ್ಲೂ ಪೊಲೀಸರಲ್ಲೂ ಜನಪ್ರಿಯವಾಗಿ 1957ರವರೆಗೆ ತಯಾರಾಯಿತು. 1917ರಲ್ಲಿ ಅಮೆರಿಕ ಯುದ್ಧಕ್ಕಿಳಿದಾಗ ಫ್ರಾನ್ಸಿನ ಇಕ್ಕಟ್ಟಾದ ಕಂದಕಗಳಲ್ಲಿ ಉದ್ದ ನಳಿಗೆಯ ರೈಫಲ್ ತಿರುಗಿಸುವುದೇ ಕಷ್ಟವೆಂದು ಕಂಡು, ಇದರ ನಳಿಗೆಯನ್ನು 20 ಅಂಗುಲಕ್ಕೆ ಇಳಿಸಿ, ಅದರ ಮೇಲೆ ರಂಧ್ರಗಳುಳ್ಳ ತಗಡಿನ ಶಾಖಕವಚವನ್ನೂ ತುದಿಗೆ ಬಯೊನೆಟ್ ಸಿಕ್ಕಿಸುವ ಜೋಡಣೆಯನ್ನೂ ಕೊಟ್ಟು ಸೇನೆಗೆ ಒದಗಿಸಲಾಯಿತು. ಕವಚ ಬೇಕಾದದ್ದು ಬಯೊನೆಟ್ಟಿನ ಕಾರಣದಿಂದಲೇ, ಏಕೆಂದರೆ ಬಯೊನೆಟ್ಟಿನಿಂದ ಇರಿಯುವವನು ಗುಂಡು ಹಾರಿಸಿ ಕಾದ ನಳಿಗೆಯನ್ನೇ ಮುಷ್ಟಿಯಲ್ಲಿ ಹಿಡಿಯಬೇಕಾಗುತ್ತದೆ. ಕಂದಕದ ತೇವಕ್ಕೆ ಕಾಗದದ ಹೊದಿಕೆಯ ತೋಟಾಗಳು ಉಬ್ಬಿ ಚೇಂಬರಿಗೆ ಹೋಗದೆ ಸಿಕ್ಕಿಕೊಳ್ಳುತ್ತಿದ್ದುದರಿಂದ ಹಿತ್ತಾಳೆಯ ತೋಟಾಗಳನ್ನು ಮಾಡಿಸಬೇಕಾಯಿತು. ಕೋವಿಯಷ್ಟೇ ತೋಟಾವೂ ಯುದ್ಧಭೂಮಿಗೆ ಹೊಂದಿಕೊಳ್ಳಬೇಕಾದ ಈ ಸಂಗತಿಯನ್ನು ಕಂದಕ ಕೋವಿಯ ವೀರಗಾಥೆಗಳು ಸಾಮಾನ್ಯವಾಗಿ ಮರೆಯುತ್ತವೆ.

ಒಂದು ತೋಟಾದಲ್ಲಿ ಒಂಬತ್ತು ದಪ್ಪ ಚರೆಗಳಿದ್ದ ಈ ಆಯುಧದ ವಿರುದ್ಧ ಜರ್ಮನಿ 1918ರ ಸೆಪ್ಟೆಂಬರಿನಲ್ಲಿ ರಾಜತಾಂತ್ರಿಕ ಪ್ರತಿಭಟನೆ ಸಲ್ಲಿಸಿತು. ಅನಗತ್ಯ ಯಾತನೆ ಉಂಟುಮಾಡುವ ಆಯುಧಗಳನ್ನು ನಿಷೇಧಿಸುವ 1907ರ ಹೇಗ್ ಒಪ್ಪಂದದ 23ನೆಯ ವಿಧಿಯನ್ನು ಇದು ಮುರಿಯುತ್ತದೆಂದೂ, ಇಂಥ ಕೋವಿ ಅಥವಾ ತೋಟಾದೊಡನೆ ಸೆರೆಸಿಕ್ಕ ಸೈನಿಕನಿಗೆ ಮರಣದಂಡನೆ ವಿಧಿಸಬಹುದೆಂದೂ ಅದು ವಾದಿಸಿತು. ವಿಷಾನಿಲವನ್ನು ಯುದ್ಧಕ್ಕೆ ತಂದ ದೇಶದಿಂದ ಬಂದ ಈ ಆಕ್ಷೇಪವನ್ನು ಅಮೆರಿಕದ ಸರ್ಕಾರ ತಳ್ಳಿಹಾಕಿತು. ನವೆಂಬರಿನಲ್ಲಿ ಯುದ್ಧವೇ ಮುಗಿದು ವಿವಾದ ಅಲ್ಲಿಗೇ ನಿಂತಿತು.

ಈ ರೂಪವನ್ನು ಹೊತ್ತಿರುವ 590ಎ1ರ ವಂಶ ಬೇರೆಯದು. ಕಾರ್ಲ್ ಬೆನ್ಸನ್ ವಿನ್ಯಾಸಗೊಳಿಸಿದ ಮಾಸ್‌ಬರ್ಗ್ 500 ಎಂಬ ಅಗ್ಗದ, ಗಟ್ಟಿಮುಟ್ಟಾದ ಬೇಟೆಕೋವಿ 1960ರ ದಶಕದ ಆರಂಭದಲ್ಲಿ ಬಂತು. ಯಂತ್ರಭಾಗಗಳನ್ನು ಒಳಗೊಂಡ ಕೋವಿಯ ನಡುಪೆಟ್ಟಿಗೆ, ಅಂದರೆ ರಿಸೀವರ್, ಇದರಲ್ಲಿ ಅಲ್ಯೂಮಿನಿಯಂ ಮಿಶ್ರಲೋಹದ್ದು. ಗುಂಡು ಹಾರುವಾಗ ಚೇಂಬರನ್ನು ಹಿಂದಿನಿಂದ ಮುಚ್ಚಿಹಿಡಿಯುವ ಬೋಲ್ಟ್ ನಳಿಗೆಯ ಉಕ್ಕಿನ ಚಾಚಿಗೇ ಬಿಗಿದುಕೊಳ್ಳುವುದರಿಂದ ಒತ್ತಡ ಈ ಹಗುರ ಪೆಟ್ಟಿಗೆಯ ಮೇಲೆ ಬೀಳುವುದಿಲ್ಲ. ಸುರಕ್ಷಾಗುಂಡಿ ರಿಸೀವರಿನ ಹಿಂಭಾಗದ ನೆತ್ತಿಯ ಮೇಲಿದ್ದು ಹೆಬ್ಬೆರಳಿಗೆ ನೇರವಾಗಿ ಸಿಗುವುದರಿಂದ ಎಡಗೈ ಬಳಸುವವರಿಗೂ ಬಲಗೈ ಬಳಸುವವರಿಗೂ ಸಮಾನವಾಗಿ ಒಗ್ಗುತ್ತದೆ. ಮುಂಗೈಹಿಡಿಯನ್ನು ಬೋಲ್ಟಿಗೆ ಸೇರಿಸುವ ಸರಳು ಆರಂಭದಲ್ಲಿ ಒಂದೇ ಇತ್ತು. ಜೋಡಿ ಸರಳಿನ ಮೇಲೆ ರೆಮಿಂಗ್ಟನ್ ಸಂಸ್ಥೆಗಿದ್ದ ಪೇಟೆಂಟಿನ ಅವಧಿ ಮುಗಿದ ಬಳಿಕ ಎರಡು ಸರಳುಗಳು ಬಂದು, ಹಿಡಿ ಓರೆಯಾಗಿ ಸಿಕ್ಕಿಕೊಳ್ಳುವ ತೊಂದರೆ ತಪ್ಪಿತು. ಖಾಲಿ ತೋಟಾವನ್ನು ಎಳೆದು ತೆಗೆಯುವ ಕೊಕ್ಕೆಗಳೂ ಎರಡಿವೆ. 2013ರ ಹೊತ್ತಿಗೆ ಈ ಮಾದರಿಯ ಒಂದು ಕೋಟಿ ಕೋವಿಗಳು ತಯಾರಾಗಿದ್ದವು.

ಇದೇ ಯಂತ್ರವನ್ನು ಸೇನೆಯ ಬಳಕೆಗೆ ಬಲಪಡಿಸಿದಾಗ 590 ಮತ್ತು 590ಎ1 ಹುಟ್ಟಿದವು. 590ರಲ್ಲಿ ಮ್ಯಾಗಜೀನಿನ ಮುಂತುದಿಗೆ ಬಿಚ್ಚುವ ಮುಚ್ಚಳವಿದ್ದು ಒಳಗಿನ ಸ್ಪ್ರಿಂಗನ್ನು ಸುಲಭವಾಗಿ ಹೊರತೆಗೆದು ಸ್ವಚ್ಛಗೊಳಿಸಬಹುದು. 590ಎ1ರಲ್ಲಿ ಇದಲ್ಲದೆ ದಪ್ಪ ಗೋಡೆಯ ನಳಿಗೆ, ಪ್ಲಾಸ್ಟಿಕ್ಕಿಗೆ ಬದಲಾಗಿ ಲೋಹದ ಟ್ರಿಗರ್ ಕವಚ ಮತ್ತು ಲೋಹದ ಸುರಕ್ಷಾಗುಂಡಿ ಇವೆ. ಅಮೆರಿಕದ ಸೇನೆಯ 3443 ಎಂಬ ನಿರ್ದಿಷ್ಟಮಾನವು ಪೂರ್ಣಬಲದ 3,000 ತೋಟಾಗಳನ್ನು ಹಾರಿಸಿ ನೋಡುವ ಪರೀಕ್ಷೆಯನ್ನು ಒಳಗೊಂಡಿದ್ದು, ಮಾಸ್‌ಬರ್ಗ್‌ನ ಸೇನಾ ಖ್ಯಾತಿಗೆ ಅದರಲ್ಲಿ ತೇರ್ಗಡೆಯಾದದ್ದೇ ಮುಖ್ಯ ಆಧಾರ.

ರೆಟ್ರೊಗ್ರೇಡ್‌ನಲ್ಲಿ ಹೊಸದಾಗಿ ಬಂದದ್ದು ಮುಖ್ಯವಾಗಿ ಮರ. ಭುಜಕ್ಕೆ ಆನಿಸುವ ಬಟ್ಟನ್ನೂ ಮುಂಗೈಹಿಡಿಯನ್ನೂ ವಾಲ್‌ನಟ್ ಮರದಲ್ಲಿ ಮಾಡಲಾಗಿದ್ದು, ಮುಂಗೈಹಿಡಿ ದುಂಡಗಿದ್ದು ಸುತ್ತಲೂ ಉಂಗುರದಂಥ ಗೀರುಗಳನ್ನು ಹೊಂದಿರುವುದರಿಂದ ಅದಕ್ಕೆ ಮೆಕ್ಕೆಜೋಳದ ತೆನೆಯ ಹೆಸರೇ ಬಿದ್ದಿದೆ. ಮಾಡೆಲ್ 1897ರ ಹಿಡಿಯೂ ಇದೇ ಬಗೆಯದು. ನಳಿಗೆ 20 ಅಂಗುಲದ್ದು, ಅದರ ಮೇಲೆ ರಂಧ್ರಗಳ ಶಾಖಕವಚವಿದೆ, ಕೆಳಗೆ ಬಯೊನೆಟ್ ಕೊಂಡಿಯಿದೆ. ಮ್ಯಾಗಜೀನಿನಲ್ಲಿ ಎಂಟು, ಚೇಂಬರಿನಲ್ಲಿ ಒಂದು, ಒಟ್ಟು ಒಂಬತ್ತು ತೋಟಾ ಹಿಡಿಯುತ್ತವೆ. ಉಕ್ಕಿನ ಮೈಗೆ ಪಾರ್ಕರೈಸಿಂಗ್ ಮಾಡಲಾಗಿದೆ, ಅಂದರೆ ಫಾಸ್ಫೇಟ್ ದ್ರಾವಣದಿಂದ ತುಕ್ಕು ತಡೆಯುವ ಮಂಕು ಬೂದುಬಣ್ಣದ ಪದರ ಕೊಡಲಾಗಿದೆ.

ಆದರೂ ಇದನ್ನು ಯಾವುದೇ ಹಳೆಯ ಕೋವಿಯ ಪ್ರತಿಕೃತಿ ಎನ್ನಲಾಗದು. ಚೀನಾದ ನೊರಿಂಕೊ ಸಂಸ್ಥೆ ತಯಾರಿಸಿದ ಮಾಡೆಲ್ 1897ರ ನಕಲು ಹೊರಗಿನ ಸುತ್ತಿಗೆಯನ್ನೂ ಉಳಿಸಿಕೊಂಡಿತ್ತು. ಮಾಸ್‌ಬರ್ಗ್‌ನಲ್ಲಿ ಸುತ್ತಿಗೆ ರಿಸೀವರಿನೊಳಗೆ ಅಡಗಿದೆ. ಹಳೆಯ ಕೋವಿಯಲ್ಲಿ ಟ್ರಿಗರನ್ನು ಒತ್ತಿ ಹಿಡಿದೇ ಹಿಡಿಯನ್ನು ಹಿಂದೆಮುಂದೆ ಆಡಿಸಿದರೆ ಪ್ರತಿಸಲವೂ ಗುಂಡು ಹಾರುತ್ತಿತ್ತು. ಹೊಸದರಲ್ಲಿ ಪ್ರತಿ ಈಡಿಗೂ ಟ್ರಿಗರನ್ನು ಬಿಟ್ಟು ಮತ್ತೆ ಎಳೆಯಲೇಬೇಕು, ಸುರಕ್ಷತೆಯ ದೃಷ್ಟಿಯಿಂದ ಇದು ಸ್ಪಷ್ಟವಾದ ಸುಧಾರಣೆ. ನಳಿಗೆಯ ಮೇಲೆ ಬರಿಯ ಮಣಿಗುರಿ ಇರುತ್ತಿದ್ದ ಕಡೆ ಈಗ ತೆಳು ಉಂಗುರದ ಮೂಲಕ ನೋಡುವ ಘೋಸ್ಟ್ ರಿಂಗ್ ಗುರಿಸಾಧನವಿದೆ, ಬಯೊನೆಟ್ ಕೊಂಡಿಯೂ ಎಂ16 ರೈಫಲ್ಲಿನ ಬಯೊನೆಟ್ಟಿಗೆ ಹೊಂದುವಂಥದ್ದು. ಮನೆಯ ಕಾವಲಿಗೆಂದು ಕೊಳ್ಳುವ ನಾಗರಿಕನಿಗೆ ಬಯೊನೆಟ್ಟಿನಿಂದ ಏನು ಪ್ರಯೋಜನ ಎಂಬ ಪ್ರಶ್ನೆಗೆ ಅಲಂಕಾರ ಎಂಬುದನ್ನು ಬಿಟ್ಟು ಬೇರೆ ಉತ್ತರ ದೊರೆಯುವುದಿಲ್ಲ.

ಮರದ ಭಾಗಗಳು ನೋಟಕ್ಕೆ ಚೆನ್ನಾಗಿದ್ದರೂ ತೇವ ಹೀರಿದರೆ ಉಬ್ಬುತ್ತವೆ, ಗೀರು ಬೀಳುತ್ತವೆ, ಆಗಾಗ ಎಣ್ಣೆಯ ಆರೈಕೆ ಬೇಡುತ್ತವೆ. ಸೇನೆ ಹಾಗೂ ಪೊಲೀಸರು ಪಾಲಿಮರ್ ಹಿಡಿಗಳಿಗೆ ಬದಲಾದದ್ದು ಈ ಕಾರಣಗಳಿಂದಲೇ. ಇದೇ ಸರಣಿಯಲ್ಲಿ ಬಂದ 500 ಪರ್ಸ್ಯುವೇಡರ್ ರೆಟ್ರೊಗ್ರೇಡ್ ಇನ್ನಷ್ಟು ಸರಳವಾದದ್ದು: ಆರು ತೋಟಾ, ಮಣಿಗುರಿ, 18.5 ಅಂಗುಲದ ನಳಿಗೆ, ಶಾಖಕವಚವಾಗಲಿ ಬಯೊನೆಟ್ ಕೊಂಡಿಯಾಗಲಿ ಇಲ್ಲ. 1934ರ ಅಮೆರಿಕದ ಕಾನೂನಿನ ಪ್ರಕಾರ 18 ಅಂಗುಲಕ್ಕಿಂತ ಗಿಡ್ಡ ನಳಿಗೆಯ ಷಾಟ್‌ಗನ್ ಇಟ್ಟುಕೊಳ್ಳಲು ಪ್ರತ್ಯೇಕ ನೋಂದಣಿ ಬೇಕಾಗುವುದರಿಂದ ಹಲವು ತಯಾರಕರು ಆ ಮಿತಿಗಿಂತ ಅರ್ಧ ಅಂಗುಲ ಹೆಚ್ಚಿಗೆ ಬಿಟ್ಟೇ ನಳಿಗೆಯನ್ನು ಕತ್ತರಿಸುತ್ತಾರೆ.